ಯುದ್ಧ ಮುಗಿದ ಮ್ಯಾಲೆ ಕೌಲ್ ಬಜಾರ್ ಓಣಿ ಹೆಂಗಿತ್ರಿ?

ಕೋಟೆಹುಡ್ಗ:
ನಮ್ಮಜ್ಜಿಗೆ 90 ದಾಟೇತಿ, ಬೆಳದಿದ್ದೆಲ್ಲ ಬಳ್ಳಾರಿ ಕೌಲ್ ಬಜಾರ್‌ದಾಗ. 1945ಕ್ಕೆ ಮಹಾಯುದ್ಧ ಮುಗೀತಲ್ಲ, ಅದಾದ ಮ್ಯಾಲಿನ ಓಣಿ ಬದುಕು ಆಕಿ ಹೇಳಿದಂಗ ಬರಕೊಳ್ಳಾಕತ್ತೀನಿ. ರೇಷನ್ ಕ್ಯೂ, ಜಟಕಾ ಗಾಡಿ, ಸಂಜಿಗೆ ಮಿರ್ಚಿ ಮಂಡಕ್ಕಿ, ಇಷ್ಟು ಸಿಕ್ಕೇತಿ. ನಿಮ್ಮನ್ಯಾಗ ಹಿರಿಯರು ಏನ್ ಹೇಳ್ತಿದ್ರು?

ಹೊಲಿಗೆಮನೆ:
ನಮ್ದು ದರ್ಜಿ ಮನೆತನ ರೀ. ಯುದ್ಧದ ಟೈಮಲ್ಲಿ ತಾತ ಮಿಲಿಟರಿ ಯೂನಿಫಾರ್ಮ್ ಹೊಲೀತಿದ್ರಂತೆ, ಆಮೇಲೆ ಆ ಕೆಲಸ ನಿಂತೋಯ್ತು, ಅದೇ ಮಿಷನ್ ಕಟ್ಟೆ ಮೇಲಿಟ್ಕೊಂಡು ಓಣಿ ಮಕ್ಕಳ ಚಡ್ಡಿ ಅಂಗಿ ಹೊಲ್ದು ಮನೆ ನಡಸಿದ್ರು, ಕಟ್ಟೆ ಸುತ್ತ ಕನ್ನಡ ತೆಲುಗು ಉರ್ದು ಮೂರೂ ಮಾತು ಒಟ್ಟಿಗೇ ನಡೀತಿತ್ತು, ಬಟ್ಟೆ ಕೊಡೋಕೆ ಬಂದೋರು ಗಂಟೆಗಟ್ಲೆ ಕೂತಿರೋರು. ಇವತ್ತಿನ ಬಳ್ಳಾರಿ ಜೀನ್ಸ್ ಹೊಲಿಗೆ ಉದ್ಯಮಕ್ಕೆ ಬೇರು ಇಂಥ ಮನೆಗಳೇ, ಇದನ್ನ ದಯವಿಟ್ಟು ಬರೀರಿ.

ಹಳೇಲೆಕ್ಕ:
ರೇಷನ್ ಬಗ್ಗೆ ಬರೆಯೋವಾಗ ಆಗ ನಾವು ಮದ್ರಾಸ್ ಪ್ರಾಂತ್ಯದಲ್ಲಿದ್ವಿ ಅನ್ನೋದು ಮರೀಬೇಡಿ, ಮೈಸೂರಿಗೆ ಸೇರಿದ್ದು 1953 ಅಕ್ಟೋಬರ್ 1ಕ್ಕೆ. ರಾಜಾಜಿ ಮದ್ರಾಸ್ ಮುಖ್ಯಮಂತ್ರಿ ಆದ್ಮೇಲೆ 1952ರಲ್ಲಿ ಅಕ್ಕಿ ಕಂಟ್ರೋಲ್, ಅಂದ್ರೆ ಅಕ್ಕಿ ಮೇಲಿದ್ದ ಸರ್ಕಾರಿ ಹಿಡಿತ, ತೆಗೆದ್ರು. ಅಜ್ಜಿ ಹೇಳೋ ರೇಟೆಲ್ಲ ಆಣೆ ಲೆಕ್ಕದಲ್ಲೇ ಇರ್ಲಿ, ರೂಪಾಯಿಗೆ 16 ಆಣೆ, ನಯಾಪೈಸೆ ಬಂದಿದ್ದೇ 1957ಕ್ಕೆ. ಮೊದ್ಲು ಅಜ್ಜಿ ದನಿ ಮೊಬೈಲ್‌ನಲ್ಲಿ ರೆಕಾರ್ಡ್ ಮಾಡ್ಕೊಳಪ್ಪ, ನಮ್ಮಮ್ಮಂದು ನಾನು ಮಾಡ್ಕೊಳ್ಲಿಲ್ಲ, ಇವತ್ತಿಗೂ ಸಂಕಟ ಆಗ್ತದೆ.

ಕೋಟೆಹುಡ್ಗ:
ಇವತ್ತ ಸಂಜಿಗೇ ರೆಕಾರ್ಡ್ ಮಾಡ್ತೀನ್ರಿ. ದರ್ಜಿ ಕಟ್ಟಿ ಬಗ್ಗೆನೂ ಕೇಳ್ತೀನಿ.