ಎಂಎಸ್‌ವಿಸಿಆರ್100.ಡಿಎಲ್ಎಲ್ ಇಲ್ಲ ಅನ್ನುತ್ತಿದೆ, ಅರ್ಜೆಂಟ್!!

ಕಾರ್ಡ್‌ಮನೆ: ಯಾರಾದರೂ ಬೇಗ ಹೇಳಿ. ಮದುವೆ ಸೀಸನ್, ಲಗ್ನಪತ್ರಿಕೆಗೆ ಕೊಟ್ಟವರು ಅಂಗಡಿ ಮುಂದೆ ನಿಂತಿದ್ದಾರೆ. ಕಾರ್ಡ್ ಡಿಸೈನ್ ಸಾಫ್ಟ್‌ವೇರ್ ತೆರೆದರೆ ಅದು ಓಡಲು ಬೇಕಾದ ಎಂಎಸ್‌ವಿಸಿಆರ್100.ಡಿಎಲ್ಎಲ್ ಅನ್ನುವ ಸಹಾಯಕ ಫೈಲ್ ಸಿಗುತ್ತಿಲ್ಲ ಎಂದು ಬರುತ್ತಿತ್ತು. ಈಗ ಅದೂ ಹೋಗಿ, ಕೊನೆಯಲ್ಲಿ 7ಬಿ ಅಂತಿರುವ ಇನ್ನೊಂದು ಎರರ್. ನಿನ್ನೆವರೆಗೂ ಚೆನ್ನಾಗಿಯೇ ಇತ್ತು. ನಾನು ಏನೂ ಮಾಡಿಲ್ಲ.

ರನ್‌ಬಾಕ್ಸ್: ಡಿಎಲ್ಎಲ್ ರೆಜಿಸ್ಟರ್ ಆಗಿಲ್ಲ, ಅಂದರೆ ವಿಂಡೋಸ್ ದಾಖಲೆಗೆ ಸೇರಿಲ್ಲ, ಅಷ್ಟೇ. ಕಮಾಂಡ್ ಪ್ರಾಂಪ್ಟ್‌ನಲ್ಲಿ ರೆಗ್‌ಎಸ್‌ವಿಆರ್32 ಹೊಡೆಯಿರಿ. ನನಗೆ ಎಷ್ಟೋ ಸಲ ಇದರಿಂದಲೇ ಸರಿಹೋಗಿದೆ.

ಹಳೇಮದರ್‌ಬೋರ್ಡ್: ಯಾವ ವಿಂಡೋಸ್? ಸಾಫ್ಟ್‌ವೇರ್ ಯಾವ ಕಾಲದ್ದು? ಏನೂ ಮಾಡದೆ ಎರರ್ ತಾನಾಗಿ ಬದಲಾಗುವುದಿಲ್ಲ ಸ್ವಾಮಿ.

ಕಾರ್ಡ್‌ಮನೆ: ವಿಂಡೋಸ್ 11. ರೆಜಿಸ್ಟರ್ ಮಾಡಿದೆ. ಎಂಟ್ರಿ ಪಾಯಿಂಟ್ ಸಿಗಲಿಲ್ಲ ಅಂತ ಬಂತು.

ರನ್‌ಬಾಕ್ಸ್: ಅಡ್ಮಿನ್ ಆಗಿ ತೆರೆದಿಲ್ಲ ನೀವು. ಇನ್ನೊಮ್ಮೆ ಮಾಡಿ.

ಹಳೇಮದರ್‌ಬೋರ್ಡ್: ನೂರು ಸಲ ಮಾಡಿದರೂ ಅದೇ ಉತ್ತರ. ರೆಜಿಸ್ಟರ್ ಮಾಡುವುದು ಕಾಮ್ ಜಾತಿಯ, ಅಂದರೆ ವಿಂಡೋಸ್ ದಾಖಲೆ ನೋಡಿ ಹುಡುಕುವ ಡಿಎಲ್ಎಲ್‌ಗಳನ್ನು. ಇದು ಸಿ ರನ್‌ಟೈಮ್, ಅಂದರೆ ಸಿ ಭಾಷೆಯಲ್ಲಿ ಬರೆದ ಸಾಫ್ಟ್‌ವೇರ್ ಓಡಲು ಬೇಕಾದ ಫೈಲ್, ಇದಕ್ಕೆ ಆ ಶಾಸ್ತ್ರ ಬೇಕಿಲ್ಲ. ಇದರ ಜಾತಕ ಹೆಸರಲ್ಲೇ ಇದೆ. ಕೊನೆಯ ಅಂಕಿ 90 ಅಂದರೆ ಮೈಕ್ರೋಸಾಫ್ಟ್‌ನ ಸಾಫ್ಟ್‌ವೇರ್ ಬರೆಯುವ ಸಾಧನ ವಿಷುಯಲ್ ಸ್ಟುಡಿಯೋ 2008ರದ್ದು, 100 ಅಂದರೆ 2010, 110 ಅಂದರೆ 2012, 120 ಅಂದರೆ 2013.

ರನ್‌ಬಾಕ್ಸ್: ಮತ್ತೆ 130 ಎಲ್ಲಿ ಹೋಯಿತು? ಎಂಎಸ್‌ವಿಸಿಆರ್140 ಅಂತೂ ನನ್ನ ಹತ್ತಿರ ಇದೆ.

ಹಳೇಮದರ್‌ಬೋರ್ಡ್: 13ನ್ನು ಅವರು ಬಿಟ್ಟು ಮುಂದೆ ಹೋದರು. ಎಂಎಸ್‌ವಿಸಿಆರ್140 ಅನ್ನುವ ಫೈಲನ್ನು ಮೈಕ್ರೋಸಾಫ್ಟ್ ಕೊಟ್ಟೇ ಇಲ್ಲ. 2015ರಲ್ಲಿ ಅದನ್ನು ಒಡೆದು ವಿಸಿರನ್‌ಟೈಮ್140, ಯುಸಿಆರ್‌ಟಿಬೇಸ್ ಅಂತ ಮಾಡಿದರು. ನಿಮ್ಮಲ್ಲಿ ಆ ಹೆಸರಿನದು ಇದ್ದರೆ ಮೊದಲು ವೈರಸ್ ಸ್ಕ್ಯಾನ್ ಮಾಡಿ.

ರನ್‌ಬಾಕ್ಸ್: ವಿಸಿರನ್‌ಟೈಮ್ ಅನ್ನೇ ಹಾಗೆ ಬರೆದೆ. ಒಂದಕ್ಷರಕ್ಕೆ ಇಷ್ಟೊಂದು ಜೋರಾ?

ಪೆಂಗ್ವಿನ್‌ಪುಟ್ಟ: ಲಿನಕ್ಸ್‌ನಲ್ಲಿ ಎಲ್‌ಡಿಡಿ ಅಂತ ಹೊಡೆದರೆ ಯಾವ ಎಸ್‌ಓ ಫೈಲ್ (ಅಲ್ಲಿನ ಡಿಎಲ್ಎಲ್) ಬೇಕು, ಯಾವುದು ಸಿಕ್ಕಿಲ್ಲ, ಎಲ್ಲ ಸಾಲಾಗಿ ಬರುತ್ತದೆ. ನನ್ನದು 2012ರ ಲ್ಯಾಪ್‌ಟಾಪ್, 4 ಜಿಬಿ ರ‍್ಯಾಮ್. ಎಸ್‌ಎಸ್‌ಡಿ ಹಾಕಿದ ಮೇಲೆ 15 ಸೆಕೆಂಡಿಗೆ ಬೂಟ್.

ರನ್‌ಬಾಕ್ಸ್: ನಂದು 9 ಸೆಕೆಂಡ್. 32 ಜಿಬಿ.

ಕಾರ್ಡ್‌ಮನೆ: ಇಲ್ಲಿ ಹುಡುಗಿ ಕಡೆಯವರು ಬಂದು ಕೂತಿದ್ದಾರೆ! ನಿಮ್ಮ ಬೂಟ್ ಆಮೇಲೆ ನೋಡೋಣ.
ಹೇಳಲು ಮರೆತೆ, ಪಿಸಿ ಹೊಸದು. ಹಳೇದರಿಂದ ಸಾಫ್ಟ್‌ವೇರ್ ಫೋಲ್ಡರನ್ನು ಪೆನ್‌ಡ್ರೈವ್‌ನಲ್ಲಿ ತಂದೆ. ಡಿಎಲ್ಎಲ್ ಯಾವುದೋ ಸೈಟಿನಿಂದ ಇಳಿಸಿ ಸಿಸ್ಟಮ್32ಕ್ಕೆ ಹಾಕಿದೆ. ಏನೂ ಆಗಲಿಲ್ಲ ಅಂತ ಸಾಫ್ಟ್‌ವೇರ್ ಫೋಲ್ಡರಿಗೂ ಹಾಕಿದೆ.

ಹಳೇಮದರ್‌ಬೋರ್ಡ್: ಇದನ್ನು ಮೊದಲೇ ಹೇಳಿದ್ದರೆ ಇಷ್ಟೊತ್ತಿಗೆ ಕಾರ್ಡ್ ಪ್ರಿಂಟ್ ಆಗಿರುತ್ತಿತ್ತು. ಆ ಡಿಎಲ್ಎಲ್ ಅನ್ನು ನೋಟ್‌ಪ್ಯಾಡ್‌ನಲ್ಲಿ ತೆರೆಯಿರಿ. ಕಸದ ಹಾಗೆ ಕಾಣುತ್ತದೆ, ಹೆದರಬೇಡಿ, ಸೇವ್ ಮಾತ್ರ ಮಾಡಬೇಡಿ. ಶುರುವಿನಲ್ಲಿ ಎಂಝಡ್ ಇರುತ್ತದೆ. ಸ್ವಲ್ಪ ಕೆಳಗೆ ಪಿಇ. ಅದರ ಪಕ್ಕದಲ್ಲಿ ದೊಡ್ಡ ಎಲ್ ಇದ್ದರೆ 32 ಬಿಟ್, ಸಣ್ಣ ಡಿ ಇದ್ದರೆ 64. ಸಾಫ್ಟ್‌ವೇರ್‌ನ ಎಕ್ಸಿ ಫೈಲನ್ನೂ ಹಾಗೇ ನೋಡಿ.

ಕಾರ್ಡ್‌ಮನೆ: ಡಿಎಲ್ಎಲ್‌ನಲ್ಲಿ ಡಿ. ಎಕ್ಸಿಯಲ್ಲಿ ಎಲ್.

ಹಳೇಮದರ್‌ಬೋರ್ಡ್: ಸಿಕ್ಕಿತಲ್ಲ ಕಳ್ಳ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಒಳಗೆ ಇರುವುದು 64ರ ಫೈಲುಗಳು. 32ರವು ಸಿಸ್‌ವಾವ್64 ಒಳಗೆ. ಹೆಸರು ಉಲ್ಟಾ, ಏನು ಮಾಡುವುದು! ಅದಕ್ಕೇ ನೀವು ಮೊದಲು ಹಾಕಿದ್ದು ನಿಮ್ಮ 32 ಬಿಟ್ ಸಾಫ್ಟ್‌ವೇರ್ ಕಣ್ಣಿಗೇ ಬೀಳಲಿಲ್ಲ. ಎರಡನೇದು ಬಿತ್ತು, ಯಾಕೆಂದರೆ ಅದು ಮೊದಲು ಹುಡುಕುವುದು ತನ್ನ ಫೋಲ್ಡರಿನಲ್ಲೇ. ನೋಡಿದರೆ 64ರದ್ದು, ಒಗ್ಗಲಿಲ್ಲ, 7ಬಿ ಅಂತ ಬಂತು. ನೀವು ಹಾಕಿದ ಎರಡನ್ನೂ ಅಳಿಸಿ. ಮೈಕ್ರೋಸಾಫ್ಟ್ ಸೈಟಿನಿಂದಲೇ ವಿಷುಯಲ್ ಸಿ++ 2010ರ ರೀಡಿಸ್ಟ್ರಿಬ್ಯೂಟಬಲ್, ಅಂದರೆ ಈ ಡಿಎಲ್ಎಲ್ ಇರುವ ಪ್ಯಾಕೇಜ್, ಇಳಿಸಿ ಹಾಕಿ. ಎಕ್ಸ್86 ಅಂತ ಇರುವುದು, ಅಂದರೆ 32 ಬಿಟ್‌ನದು, ಎಕ್ಸ್64 ಅಲ್ಲ.

ರನ್‌ಬಾಕ್ಸ್: ಎರಡೂ ಹಾಕಿಕೊಂಡರೆ ತೊಂದರೆ ಏನೂ ಇಲ್ಲ.

ಹಳೇಮದರ್‌ಬೋರ್ಡ್: ಇದೊಂದು ಮಾತು ಸರಿಯಾಗಿ ಹೇಳಿದಿರಿ.

ಕಾರ್ಡ್‌ಮನೆ: ತೆರೆಯಿತು!! ಕೋಟಿ ನಮಸ್ಕಾರ ಸರ್. ಆದರೆ ಶ್ರೀ ಗಣೇಶಾಯ ನಮಃ ಇರಬೇಕಾದ ಕಡೆ ಇಂಗ್ಲಿಷ್ ಅಕ್ಷರಗಳು, ಚಿಹ್ನೆಗಳು ಕಾಣುತ್ತಿವೆ. ಇದಕ್ಕೂ ಡಿಎಲ್ಎಲ್ ಬೇಕಾ?

ರನ್‌ಬಾಕ್ಸ್: ರೆಜಿಸ್ಟರ್ ಮಾಡಿ ನೋಡಿ.

ಪೆಂಗ್ವಿನ್‌ಪುಟ್ಟ: ಕನ್ನಡ ಅಕ್ಷರಕ್ಕೆ ತನ್ನದೇ ಸಂಕೇತ ಇರುವ ಯೂನಿಕೋಡ್‌ಗೆ ಬನ್ನಿ ಅಂತ ಎಷ್ಟು ವರ್ಷದಿಂದ ಹೇಳುತ್ತಿದ್ದೇವೆ!

ಹಳೇಮದರ್‌ಬೋರ್ಡ್: ಡಿಎಲ್ಎಲ್ ಅಲ್ಲ, ಫಾಂಟ್. ಹಳೇ ಪಿಸಿಯ ಫಾಂಟ್ಸ್ ಫೋಲ್ಡರಿನಿಂದ ನಿಮ್ಮ ಕನ್ನಡ ಫಾಂಟುಗಳನ್ನು ತಂದಿಲ್ಲ ಅಲ್ವಾ? ತಂದು ಹಾಕಿ, ಸರಿಹೋಗುತ್ತದೆ.

ಕಾರ್ಡ್‌ಮನೆ: ಹಳೇ ಪಿಸಿ ನಿನ್ನೆ ಸಂಜೆ ಎಕ್ಸ್‌ಚೇಂಜ್‌ಗೆ ಕೊಟ್ಟುಬಿಟ್ಟೆ.