ಕಾಲದ ಶಕ್ತಿಯನ್ನು ಹಿಡಿತದಲ್ಲಿಡುವ ಯಂತ್ರ: ಕಥೆಯಲ್ಲಿ ಅದಕ್ಕೆ ಮಿತಿ ಹಾಕುವುದು ಹೇಗೆ?

ಇರುಳುಹಕ್ಕಿ:
ಒಂದು ವಿಜ್ಞಾನ ಕಾದಂಬರಿ ಬರೆಯುತ್ತಿದ್ದೇನೆ. ಎರಡು ಲೋಕಗಳ ನಡುವೆ ಒಂದು ಬಾಗಿಲು. ಆಚೆ ಕಡೆ ಕಾಲ ಸ್ವಲ್ಪ ನಿಧಾನ. ಈ ವ್ಯತ್ಯಾಸದಿಂದ ಹುಟ್ಟುವ ಶಕ್ತಿಯನ್ನು ಹಿಡಿದಿಟ್ಟು, ಕೆರೆಯ ತೂಬಿನ ಹಾಗೆ ಬೇಕಾದಷ್ಟೇ ಬಿಡುವ ಯಂತ್ರವಿದೆ. ಹೆಸರೂ 'ತೂಬು'. ಬೆನ್ನಿಗೆ ಹೊರುವಷ್ಟು ದೊಡ್ಡದು. ತಾಮ್ರದ ಸುರುಳಿ, ಎರಡು ಗಡಿಯಾರ, ಒಂದು ಹಿಡಿಕೆ. ನಾಯಕಿ ಅದನ್ನು ರಿಪೇರಿ ಮಾಡುವವಳು.

ಈಗಿನ ಕರಡಿನಲ್ಲಿ ತೂಬು ಏನು ಬೇಕಾದರೂ ಮಾಡುತ್ತದೆ. ಹಾಗಾಗಿ ಅವಳಿಗೆ ಅಪಾಯವೇ ಇಲ್ಲ. ನಾನೇ ಸುಮ್ನೆ ಒಂದು ನಿಯಮ ಹೇರುವುದು ಬೇಡ. ನಿಜವಾದ ಭೌತಶಾಸ್ತ್ರದಿಂದಲೇ ಮಿತಿ ಸಿಗುತ್ತದಾ?

ಗಡಿಯಾರದ ಮುಳ್ಳು:
ಸಿಗುತ್ತದೆ. ನನಗೆ ತುಂಬಾ ಇಷ್ಟವಾದ ವಿಷಯ ಇದು, ಸ್ವಲ್ಪ ಉದ್ದ ಬರೆಯುತ್ತೇನೆ.

ಐನ್‌ಸ್ಟೈನ್ ಪ್ರಕಾರ ಗುರುತ್ವ ಜಾಸ್ತಿ ಇರುವ ಕಡೆ ಗಡಿಯಾರ ನಿಧಾನ. ಅಲ್ಲಿಂದ ಮೇಲೇರುವ ಬೆಳಕು ಶಕ್ತಿ ಕಳೆದುಕೊಳ್ಳುತ್ತದೆ. 1960ರಲ್ಲಿ ಪೌಂಡ್ ಮತ್ತು ರೆಬ್ಕಾ ಎಂಬ ವಿಜ್ಞಾನಿಗಳು ಬರೀ 22.5 ಮೀಟರ್ ಎತ್ತರದಲ್ಲೇ ಇದನ್ನು ಅಳೆದು ತೋರಿಸಿದರು. ಜಿಪಿಎಸ್ ಉಪಗ್ರಹಗಳ ಗಡಿಯಾರ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ (ಸೆಕೆಂಡಿನ ಹತ್ತು ಲಕ್ಷದಲ್ಲಿ 38 ಭಾಗ) ಮುಂದೆ ಓಡುವುದರಲ್ಲೂ ಗುರುತ್ವದ ಪಾತ್ರವೇ ದೊಡ್ಡದು.

ಇದೇ ಲೆಕ್ಕವನ್ನು ನಿಮ್ಮ ಬಾಗಿಲಿಗೂ ಹಚ್ಚಿ. ದ್ರವ್ಯರಾಶಿ, ಬೆಳಕಿನ ವೇಗದ ವರ್ಗ, ಗಡಿಯಾರಗಳ ವ್ಯತ್ಯಾಸದ ಪ್ರಮಾಣ, ಈ ಮೂರನ್ನೂ ಗುಣಿಸಿದರೆ ಶಕ್ತಿ ಸಿಗುತ್ತದೆ. ವ್ಯತ್ಯಾಸ ಹತ್ತು ಲಕ್ಷದಲ್ಲಿ ಒಂದು ಭಾಗ ಅಂದುಕೊಳ್ಳಿ. ದಿನಕ್ಕೆ ಒಂದು ಸೆಕೆಂಡಿನ ಹತ್ತನೇ ಒಂದು ಭಾಗವೂ ಆಗಲ್ಲ. ಆದರೂ 70 ಕಿಲೋ ಇರುವ ಒಬ್ಬರು ದಾಟಿದರೆ ಸುಮಾರು 17.5 ಲಕ್ಷ ಯೂನಿಟ್ ವಿದ್ಯುತ್ತಿಗೆ ಸಮನಾದ ಶಕ್ತಿ! ಅಂದರೆ ಸುಮಾರು 1,500 ಟನ್ ಟಿಎನ್‌ಟಿ ಸ್ಫೋಟಕ ಸಿಡಿದಷ್ಟು.

ನಿಧಾನ ಲೋಕಕ್ಕೆ ಹೋಗುವಾಗ ಇಷ್ಟೂ ಹೊರಗೆ ಬರುತ್ತದೆ. ತೂಬು ಅದನ್ನು ನುಂಗಬೇಕು. ವಾಪಸ್ ಬರುವಾಗ ಅಷ್ಟನ್ನೇ ಕೊಡಬೇಕು. ಆಚೆ ಕಡೆ ತೂಬು ಸೋರಿದರೆ ಅವಳು ಅಲ್ಲೇ ಉಳಿದಳು. ನಿಮ್ಮ ಮಿತಿ ಇದೇ ಅಲ್ವಾ?

ಮಳೆಬಿಲ್ಲು:
ಲೆಕ್ಕ ಸೊಗಸಾಗಿದೆ. ಆದರೆ ಕಾದಂಬರಿಯೊಳಗೆ ಇಷ್ಟು ಅಂಕಿ ತುಂಬಬೇಡಿ ಅಂತ ಕೇಳಿಕೊಳ್ಳುತ್ತೇನೆ. ಓದುಗಳಾಗಿ ನನಗೆ ಅವಳ ಕೈಗೆ ಏನು ತಿಳಿಯುತ್ತದೆ ಅನ್ನುವುದು ಮುಖ್ಯ. ಸುರುಳಿ ಎಷ್ಟು ಕಾದಿದೆ? ಎರಡು ಗಡಿಯಾರಗಳ ಟಿಕ್ ಟಿಕ್ ಎಲ್ಲಿ ಬೇರೆಯಾಯಿತು? ರಿಪೇರಿ ಮಾಡುವವರು ಮೀಟರ್ ನೋಡುವ ಮೊದಲೇ ಸದ್ದು ಕೇಳಿ ತೊಂದರೆ ಹಿಡಿಯುತ್ತಾರೆ. ಸೋರಿಕೆಯೂ ಒಂದೇ ಸಲ ಬೇಡ. ಅಧ್ಯಾಯದಿಂದ ಅಧ್ಯಾಯಕ್ಕೆ ಸ್ವಲ್ಪ ಸ್ವಲ್ಪವೇ ಕಡಿಮೆಯಾಗಲಿ.

ಗಡಿಯಾರದ ಮುಳ್ಳು:
ಒಪ್ಪಿದೆ. ಅಂಕಿಗಳು ನಿಮ್ಮ ಟಿಪ್ಪಣಿ ಪುಸ್ತಕದಲ್ಲೇ ಇರಲಿ. ಇನ್ನೊಂದು ದಾರಿಯೂ ಇದೆ. ಅವಳು ಈಚೆ ಬರುವಾಗಲೇ ಅಷ್ಟೇ ತೂಕದ ಒಬ್ಬರು ಆಚೆ ಹೋದರೆ ಲೆಕ್ಕ ಸರಿಹೋಗುತ್ತದೆ. ತೂಬು ಖಾಲಿಯಿದ್ದರೂ ನಡೆಯುತ್ತದೆ.

ಇರುಳುಹಕ್ಕಿ:
ಅಂದರೆ ಅವಳು ಮನೆ ಸೇರಬೇಕಾದರೆ ಬೇರೆ ಯಾರೋ ಅಲ್ಲಿಗೆ ಹೋಗಬೇಕು! ಇಡೀ ಎರಡನೇ ಭಾಗ ಇದರ ಮೇಲೆ ನಿಲ್ಲುತ್ತದೆ. ಹೋಗುವವನು ಅವಳ ಅಣ್ಣ. ಅವಳು 58 ಕಿಲೋ, ಅವನು 64. ಆಗ?

ಗಡಿಯಾರದ ಮುಳ್ಳು:
ಆಚೆ ಕಡೆಗೆ 6 ಕಿಲೋ ಹೆಚ್ಚಿಗೆ ಹೋಗುತ್ತದೆ. ಸುಮಾರು 1.5 ಲಕ್ಷ ಯೂನಿಟ್ ಉಳಿಯಿತು. ಸೋರುವ ತೂಬು ಅದನ್ನು ತಡೆದುಕೊಳ್ಳುವುದಿಲ್ಲ, ಸುರುಳಿ ಕರಗುತ್ತದೆ. ಹಾಗಾಗಿ ಅವಳು ಆ ಲೋಕದಿಂದ 6 ಕಿಲೋ ಏನನ್ನಾದರೂ ಹೊತ್ತು ತರಲೇಬೇಕು. ಏನು ತರುತ್ತಾಳೆ ಅನ್ನುವುದನ್ನು ನೀವೇ ಬರೆಯಿರಿ.