22 ಗೆಲುವು, 39 ಸೋಲು: ಇಂಥವರ ಮಾತು ಸ್ಟಾರ್ ಪಿಚರ್‌ಗಳು ಯಾಕೆ ಕೇಳ್ತಾರೆ?

ಹೊಸಪ್ರೇಕ್ಷಕ:
ಬೇಸ್‌ಬಾಲ್ ನೋಡೋಕೆ ಶುರು ಮಾಡಿ ತುಂಬ ಕಾಲ ಆಗಿಲ್ಲ. ಪ್ರಶ್ನೆ ಪೆದ್ದು ಅನ್ನಿಸಿದ್ರೆ ಬೈಬೇಡಿ.

ಗೆರಿಟ್ ಕೋಲ್ ಅನ್ನೋ ಸ್ಟಾರ್ ಪಿಚರ್ (ಬ್ಯಾಟರ್‌ಗೆ ಚೆಂಡು ಎಸೆಯೋನು) ಬಗ್ಗೆ ಓದ್ತಾ ಇದ್ದೆ. ಪಿಟ್ಸ್‌ಬರ್ಗ್ ಪೈರೇಟ್ಸ್‌ಗೆ ಆಡಿದ ಕೊನೇ ವರ್ಷ 2017ರಲ್ಲಿ 12 ಗೆಲುವು, 12 ಸೋಲು, ಇಆರ್‌ಎ (ಒಂಬತ್ತು ಇನ್ನಿಂಗ್ಸ್‌ಗೆ ಪಿಚರ್ ಸರಾಸರಿ ಬಿಟ್ಟುಕೊಡೋ ರನ್, ಕಮ್ಮಿ ಇದ್ದಷ್ಟೂ ಒಳ್ಳೇದು) 4.26. ಮರುವರ್ಷ ಹ್ಯೂಸ್ಟನ್ ಆಸ್ಟ್ರೋಸ್‌ಗೆ ಬಂದವನೇ 15 ಗೆಲುವು, 5 ಸೋಲು, ಇಆರ್‌ಎ 2.88, ಸ್ಟ್ರೈಕ್‌ಔಟ್ (ಮೂರು ಸ್ಟ್ರೈಕ್‌ಗೆ ಬ್ಯಾಟರ್‌ನ ಔಟ್ ಮಾಡೋದು) 276. ಎಲ್ಲರೂ ಅಲ್ಲಿನ ಪಿಚಿಂಗ್ ಕೋಚ್ ಬ್ರೆಂಟ್ ಸ್ಟ್ರಾಮ್ ಹೆಸರು ಹೇಳ್ತಾರೆ. ಯಾರಪ್ಪಾ ಈ ಮನುಷ್ಯ ಅಂತ ಹುಡುಕಿದ್ರೆ ಸಿಕ್ಕಿದ್ದು ಇಷ್ಟು: ಮೆಟ್ಸ್, ಕ್ಲೀವ್‌ಲ್ಯಾಂಡ್, ಪಾಡ್ರೆಸ್ ಅಂತ ಮೂರು ತಂಡ, ಮೇಜರ್ ಲೀಗ್‌ನಲ್ಲಿ ಐದು ಸೀಸನ್, 22 ಗೆಲುವು, 39 ಸೋಲು. ಗುಟ್ಟು ಗೊತ್ತಿದ್ದಿದ್ರೆ ತಾನೇ ಗೆಲ್ಲಬಹುದಿತ್ತಲ್ಲ? ತಂಡದಿಂದ ತಂಡಕ್ಕೆ ಅಲೆದವರ ಮಾತನ್ನ ಕೋಲ್‌ನಂಥವನು ಯಾಕೆ ಕೇಳ್ತಾನೆ?

ಹಳೇಕ್ಯಾಚರ್:
ಪೆದ್ದು ಪ್ರಶ್ನೆ ಏನಲ್ಲ ಬಿಡಿ. ನಾನು ಸಾಫ್ಟ್‌ಬಾಲ್‌ನಲ್ಲಿ ಕ್ಯಾಚರ್, ಅಂದ್ರೆ ಬ್ಯಾಟರ್ ಹಿಂದೆ ಕೂತು ಪಿಚರ್ ಎಸೆದಿದ್ದನ್ನ ಹಿಡಿಯೋಳು, ಆಗಿದ್ದವಳು. ಪಿಚರ್‌ಗಳ ಎದುರು ಕುಕ್ಕರುಗಾಲಲ್ಲೇ ಪ್ರಾಯ ಕಳೆದಿದ್ದೀನಿ, ಅದಕ್ಕೇ ಈ ಮನುಷ್ಯನ ಕಥೆ ಅಂದ್ರೆ ನನಗೆ ಸ್ವಲ್ಪ ಜಾಸ್ತಿನೇ ಅಕ್ಕರೆ. ಉದ್ದ ಆದ್ರೆ ಸಹಿಸ್ಕೊಳ್ಳಿ.

ಮೊದಲು ಆ 22–39 ನೋಡಿ ಮೋಸ ಹೋಗಬೇಡಿ. 1975ರಲ್ಲಿ ಪಾಡ್ರೆಸ್‌ಗೆ ಆಡುವಾಗ ಅವರ ಇಆರ್‌ಎ 2.55. ಆದರೂ ಲೆಕ್ಕಕ್ಕೆ ಬಂದಿದ್ದು 8 ಗೆಲುವು, 8 ಸೋಲು. ಹಿಂದೆ ನಿಂತವರು ರನ್ ಹೊಡೀದೇ ಇದ್ರೆ ಪಿಚರ್ ಒಬ್ಬನೇ ಏನು ಮಾಡ್ತಾನೆ? 1976ರಲ್ಲಿ ಇನ್ನೂರಕ್ಕೂ ಹೆಚ್ಚು ಇನ್ನಿಂಗ್ಸ್ ಎಸೆದರು. ಮರುವರ್ಷ ಕೈ ಹೋಯ್ತು.

ಟಾಮಿ ಜಾನ್ ಸರ್ಜರಿ ಹೆಸರು ಕೇಳಿರ್ತೀರಿ. ಮೊಣಕೈಯಲ್ಲಿ ಹರಿದ ಅಸ್ಥಿರಜ್ಜಿನ ಜಾಗಕ್ಕೆ ಬೇರೆ ಕಡೆಯಿಂದ ಸ್ನಾಯುರಜ್ಜು ತೆಗೆದು ಕೂರಿಸೋದು. 1974ರಲ್ಲಿ ಡಾಕ್ಟರ್ ಫ್ರಾಂಕ್ ಜೋಬ್ ಮೊದಲ ಸಲ ಮಾಡಿದ್ದು ಟಾಮಿ ಜಾನ್‌ಗೆ. ಅದಾದ ಮೇಲೆ ಎರಡನೆಯವರಾಗಿ ಆ ಮೇಜಿನ ಮೇಲೆ ಮಲಗಿದ ಪಿಚರ್ ಬ್ರೆಂಟ್ ಸ್ಟ್ರಾಮ್. ಟಾಮಿ ಜಾನ್ ವಾಪಸ್ ಬಂದು ಇನ್ನೂ 164 ಪಂದ್ಯ ಗೆದ್ದ. ಸ್ಟ್ರಾಮ್ ಮತ್ತೆಂದೂ ಮೇಜರ್ ಲೀಗ್‌ನಲ್ಲಿ ಎಸೆಯಲಿಲ್ಲ. ಮೊದಲನೆಯವನ ಹೆಸರು ಆಪರೇಷನ್‌ಗೇ ಅಂಟಿಕೊಂಡಿತು, ಎರಡನೆಯವನನ್ನ ಕೇಳೋರಿಲ್ಲ.

ಕೋಚ್ ಆದ ಮೇಲೂ ಅಲೆದಾಟ ತಪ್ಪಲಿಲ್ಲ. 1996ರಲ್ಲಿ ಆಸ್ಟ್ರೋಸ್‌ನಲ್ಲೇ ಪಿಚಿಂಗ್ ಕೋಚ್, ಒಂದೇ ಸೀಸನ್. 2000, 2001ರಲ್ಲಿ ಕ್ಯಾನ್ಸಸ್ ಸಿಟಿ ರಾಯಲ್ಸ್. ಅಲ್ಲಿಂದ ಮತ್ತೆ ಕೆಳಕ್ಕೆ. ಸೇಂಟ್ ಲೂಯಿಸ್ ಕಾರ್ಡಿನಲ್ಸ್‌ನ ಮೈನರ್ ಲೀಗ್ (ಮೇಜರ್ ಲೀಗ್‌ಗಿಂತ ಕೆಳಗಿನ ಹಂತ) ಹುಡುಗರಿಗೆ ಕಲಿಸ್ತಾ ಕೂತರು. ಮತ್ತೆ ಮೇಲೆ ಕರೆ ಬಂದಿದ್ದು 2014ರಲ್ಲಿ, ಅದೇ ಹ್ಯೂಸ್ಟನ್‌ಗೆ. ಆಗ ವಯಸ್ಸು 65.

ಈಗ ನಿಮ್ಮ ಅಸಲಿ ಪ್ರಶ್ನೆ. ಆಗಿನ ಕಾಲದ ವೇದವಾಕ್ಯ ಅಂದ್ರೆ "ಚೆಂಡು ಕೆಳಗಿಡು". ಸಿಂಕರ್ (ಬರ್ತಾ ಬರ್ತಾ ಕೆಳಕ್ಕಿಳಿಯೋ ಎಸೆತ) ಹಾಕು, ಬ್ಯಾಟರ್ ನೆಲಕ್ಕೆ ಹೊಡೀತಾನೆ, ಇನ್‌ಫೀಲ್ಡರ್ ಎತ್ತಿಕೊಂಡು ಔಟ್ ಮಾಡ್ತಾನೆ. ಪೈರೇಟ್ಸ್ ಅಂತೂ ಈ ಪಾಠಕ್ಕೇ ಹೆಸರುವಾಸಿ. ಅಷ್ಟರಲ್ಲಿ ಬ್ಯಾಟರ್‌ಗಳು ಬದಲಾದರು. ಬ್ಯಾಟನ್ನ ಕೆಳಗಿನಿಂದ ಮೇಲಕ್ಕೆ ಬೀಸೋಕೆ ಕಲಿತರು. ಅಂಥ ಬೀಸಿಗೆ ಮಂಡಿ ಹತ್ತಿರ ಬರೋ ಸಿಂಕರ್ ಅಂದ್ರೆ ಹಬ್ಬ. ಅದೇ ಚೆಂಡು ಎದೆಮಟ್ಟಕ್ಕೆ ಬಂದ್ರೆ ಬ್ಯಾಟ್ ಅದರ ಕೆಳಗೇ ಹಾದುಹೋಗುತ್ತೆ.

ಇದನ್ನ ಕ್ಯಾಚರ್ ಜಾಗದಿಂದ ನೋಡಬೇಕು. ಫೋರ್ ಸೀಮ್ ಫಾಸ್ಟ್‌ಬಾಲ್‌ಗೆ (ನೆಟ್ಟಗೆ ಬರೋ ವೇಗದ ಎಸೆತ) ಜೋರು ಬ್ಯಾಕ್‌ಸ್ಪಿನ್, ಅಂದ್ರೆ ಹಿಮ್ಮುಖ ಸುತ್ತು, ಇದ್ರೆ ಅದು ನಾವು ಅಂದುಕೊಂಡಷ್ಟು ಇಳಿಯಲ್ಲ. ಕಣ್ಣು ಲೆಕ್ಕ ಹಾಕಿದ ಜಾಗದಲ್ಲಿ ಮಿಟ್ (ಕ್ಯಾಚರ್ ಕೈಗವಸು) ಹಿಡಿದಿರ್ತೀವಿ, ಚೆಂಡು ಬಂದು ಬೆರಳತುದಿ ಕಡೆಗೆ ಬಡಿಯುತ್ತೆ. ನಾಲ್ಕು ಸಲ ಬೆರಳು ಉರಿದ ಮೇಲೆ ಮಿಟ್ ತಾನಾಗೇ ಸ್ವಲ್ಪ ಮೇಲೆ ನಿಲ್ಲುತ್ತೆ. ಕ್ಯಾಚರ್‌ಗಾದ್ರೂ ತಿದ್ದಿಕೊಳ್ಳೋಕೆ ಇಡೀ ಪಂದ್ಯ ಇದೆ, ಬ್ಯಾಟರ್‌ಗೆ ಎಲ್ಲಿದೆ?

ಸ್ಟ್ರಾಮ್ ಕೋಲ್‌ಗೆ ಹೇಳಿದ್ದರ ಸಾರ ಇಷ್ಟೇ: ಸಿಂಕರ್ ಬಿಡು, ಫೋರ್ ಸೀಮ್ ಮೇಲೆ ಎಸೆ, ಕರ್ವ್‌ಬಾಲ್ (ಬಾಗಿ ಕೆಳಗಿಳಿಯೋ ನಿಧಾನದ ಎಸೆತ) ಜಾಸ್ತಿ ಮಾಡು. ಅದೇ ಕೈ, ಅದೇ ವೇಗ. ಬದಲಾಗಿದ್ದು ಯಾವ ಎಸೆತ ಎಷ್ಟು, ಎಲ್ಲಿ ಅನ್ನೋದು. 2019ರ ಹೊತ್ತಿಗೆ 326 ಸ್ಟ್ರೈಕ್‌ಔಟ್.

ಆದ್ರೆ ನನಗೆ ಕೋಲ್‌ಗಿಂತ ಇಷ್ಟವಾದ ಉದಾಹರಣೆ ಡಲ್ಲಾಸ್ ಕೈಕಲ್. 2013ರಲ್ಲಿ ಅವನ ಇಆರ್‌ಎ 5.15. ಫಾಸ್ಟ್‌ಬಾಲ್ ಗಂಟೆಗೆ 90 ಮೈಲಿ ಮುಟ್ಟಿದ್ರೆ ಪುಣ್ಯ. ಇಂಥವನಿಗೂ "ಮೇಲೆ ಎಸಿ" ಅಂದಿದ್ರೆ ಚೆಂಡು ಸ್ಟ್ಯಾಂಡ್‌ನಲ್ಲಿ ಬೀಳ್ತಿತ್ತು. ಅವನು ಸಿಂಕರ್ ಬಿಡಲಿಲ್ಲ, ಕೆಳಗೇ ಎಸೆದ. 2015ರಲ್ಲಿ 20 ಗೆಲುವು, 8 ಸೋಲು, ಅಮೆರಿಕನ್ ಲೀಗ್‌ನ ಸೈ ಯಂಗ್ ಪ್ರಶಸ್ತಿ (ವರ್ಷದ ಅತ್ಯುತ್ತಮ ಪಿಚರ್‌ಗೆ ಕೊಡೋದು). ಒಬ್ಬನಿಗೆ ಮೇಲೆ, ಇನ್ನೊಬ್ಬನಿಗೆ ಕೆಳಗೆ, ಎರಡೂ ಒಬ್ಬರೇ ಕೋಚ್ ಕೈಕೆಳಗೆ. ಹುಟ್ಟಾ ಪ್ರತಿಭಾವಂತರು ಕೋಚ್ ಆದ್ರೆ ತಮಗೆ ಫಲಿಸಿದ್ದನ್ನೇ ಎಲ್ಲರಿಗೂ ಬಡಿಸ್ತಾರೆ. ಸ್ಟ್ರಾಮ್ ಹತ್ತಿರ ಬಡಿಸೋಕೆ ತನ್ನದು ಅಂತ ಏನೂ ಇರಲಿಲ್ಲ, ಎದುರಿಗಿದ್ದವನ ಕೈಯಲ್ಲಿ ಏನಿದೆ ಅಂತ ನೋಡಲೇಬೇಕಿತ್ತು.

ಅಂಕಿಸಂಕಿ:
ಅಕ್ಕ, ಬರೆದಿದ್ದು ಚೆನ್ನಾಗಿದೆ, ಆದ್ರೆ ಅಂಟಿನ ವಿಷಯ ಮೆಲ್ಲಗೆ ದಾಟಿಬಿಟ್ರಿ! ಪಿಚರ್‌ಗಳು ಬೆರಳಿಗೆ ಅಂಟು ಹಚ್ಚಿಕೊಂಡ್ರೆ ಚೆಂಡಿನ ಸ್ಪಿನ್ ಏರುತ್ತೆ. ಅದಕ್ಕೇ 2021ರ ಜೂನ್‌ನಲ್ಲಿ ಲೀಗ್ ಅಂಪೈರ್‌ಗಳ ಕೈಲಿ ಪಂದ್ಯದ ಮಧ್ಯೆನೇ ತಪಾಸಣೆ ಮಾಡಿಸೋಕೆ ಶುರು ಮಾಡಿದ್ದು. ಲೀಗ್ ತುಂಬ ಸ್ಪಿನ್ ಇಳೀತು. ಯಾರ ಮೇಲೂ ಬೆರಳು ತೋರಿಸ್ತಿಲ್ಲ, ಆದ್ರೆ ಆ ವರ್ಷಗಳ ಅಂಕಿಅಂಶನೆಲ್ಲ ಒಬ್ಬ ಕೋಚ್ ಕಿರೀಟಕ್ಕೆ ಸಿಕ್ಕಿಸೋದು ಅತಿ ಆಯ್ತು. ಮೇಲಾಗಿ ಆಸ್ಟ್ರೋಸ್ ಅಂದ್ರೆ 2017ರಲ್ಲಿ ಕ್ಯಾಮೆರಾ ಇಟ್ಟು, ಯಾವ ಎಸೆತ ಅಂತ ಎದುರಾಳಿ ಕ್ಯಾಚರ್ ತನ್ನ ಪಿಚರ್‌ಗೆ ತೋರಿಸೋ ಸನ್ನೆ ಕದ್ದ ತಂಡ.

ಹಳೇಕ್ಯಾಚರ್:
ಸನ್ನೆ ಕದ್ದಿದ್ದು ಬ್ಯಾಟಿಂಗ್‌ಗೆ. ಅದರಿಂದ ಆಸ್ಟ್ರೋಸ್ ಪಿಚರ್ ಎಸೆದ ಕರ್ವ್‌ಬಾಲ್ ಹೆಚ್ಚು ತಿರುಗಲ್ಲ ತಮ್ಮಾ. ಕ್ಯಾಚರ್ ಆಗಿದ್ದವಳಿಗೆ ಸನ್ನೆಗಳ್ಳರ ಮೇಲೆ ಎಷ್ಟು ಸಿಟ್ಟಿರುತ್ತೆ ಅಂತ ನಾನೇನೂ ಬಿಡಿಸಿ ಹೇಳಬೇಕಿಲ್ಲ.

ಅಂಟಿನ ಮಾತು ಒಪ್ತೀನಿ, ಆ ಕಾಲದ ಎಲ್ಲಾ ತಂಡದ ಸ್ಪಿನ್ ಅಂಕಿಗಳನ್ನೂ ಸ್ವಲ್ಪ ಅನುಮಾನದಿಂದಲೇ ನೋಡಬೇಕು. ಆದ್ರೆ ಸಿಂಕರ್ ಬಿಡಿಸಿದ್ದು ಅಂಟಲ್ಲ. ಕೋಲ್ 2023ರಲ್ಲಿ, ತಪಾಸಣೆ ಬಂದು ಎರಡು ವರ್ಷ ಆದ ಮೇಲೆ, ಯಾಂಕೀಸ್ ಪರ ಸೈ ಯಂಗ್ ಗೆದ್ದ. ಕಾಲಿನ್ ಮೆಕ್‌ಹ್ಯೂನೂ ನೋಡು. ಬೇರೆ ತಂಡ ಕೈಬಿಟ್ಟ ಮೇಲೆ ಆಸ್ಟ್ರೋಸ್ ಎತ್ತಿಕೊಂಡಿದ್ದು. ಅವನ ಕರ್ವ್‌ಬಾಲ್ ಚೆನ್ನಾಗಿ ತಿರುಗ್ತಿತ್ತು, ಅದನ್ನೇ ಜಾಸ್ತಿ ಹಾಕಿಸಿ ಸಿಂಕರ್ ಕಮ್ಮಿ ಮಾಡಿಸಿದ್ರು. 2014ರಲ್ಲಿ ಇಆರ್‌ಎ 2.73. ಎಲ್ಲಾ ಸ್ಟ್ರಾಮ್ ಒಬ್ಬರದೇ ಅಂತ ನಾನೂ ಹೇಳಲ್ಲ. ಆ ಕರ್ವ್‌ಬಾಲ್ ಗುರುತಿಸಿದ್ದು ಆಫೀಸಿನಲ್ಲಿ ಕೂತ ಲೆಕ್ಕದವರು. ಆದ್ರೆ ಲೆಕ್ಕದ ಹಾಳೆಯನ್ನ ಪಿಚರ್‌ಗೆ ತಿಳಿಯೋ ಮಾತಲ್ಲಿ ಹೇಳೋಕೆ ಬುಲ್‌ಪೆನ್‌ನಲ್ಲಿ (ಪಿಚರ್‌ಗಳು ಎಸೆದು ಕೈ ಪಳಗಿಸೋ ಜಾಗ) ಒಬ್ಬರು ಬೇಕಲ್ಲ. ಅರವತ್ತು ದಾಟಿದ ಎಷ್ಟೋ ಕೋಚ್‌ಗಳು ಆ ಹಾಳೆ ಕಂಡ್ರೇ ಮುಖ ಸಿಂಡರಿಸ್ತಿದ್ದ ಕಾಲ ಅದು.

ಬೆಂಚ್‌ಮೇಲೆ:
ಸ್ಟ್ರಾಮ್ ಒಬ್ಬರೇ ಅಲ್ಲ. ಪಿಚಿಂಗ್ ಕೋಚ್ ಡೇವ್ ಡಂಕನ್ ಆಟಗಾರನಾಗಿ ಪಿಚರ್ರೇ ಅಲ್ಲ, ಕ್ಯಾಚರ್, ಬ್ಯಾಟಿಂಗ್ ಸರಾಸರಿ .214 (ಸಾವಿರ ಸರದಿಗೆ 214 ಹಿಟ್, ಅಂದ್ರೆ ಕಮ್ಮಿನೇ). ಅವರ ಕೈಕೆಳಗೆ ಹಾಯ್ಟ್, ವೆಲ್ಚ್, ಎಕರ್ಸ್ಲಿ, ಕಾರ್ಪೆಂಟರ್ ಅಂತ ನಾಲ್ಕು ಜನ ಸೈ ಯಂಗ್ ಗೆದ್ರು. ದೊಡ್ಡ ಬ್ಯಾಟರ್ ಜಾರ್ಜ್ ಬ್ರೆಟ್‌ನ ತಿದ್ದಿದ ಬ್ಯಾಟಿಂಗ್ ಕೋಚ್ ಚಾರ್ಲಿ ಲೌ ಸರಾಸರಿ .255.

ಹಾಗಂತ ದೊಡ್ಡ ಆಟಗಾರರು ಕಲಿಸಲಾರರು ಅಂತಾನೂ ಅಲ್ಲ. ಹೆಸರಾಂತ ಬ್ಯಾಟರ್ ಟೆಡ್ ವಿಲಿಯಮ್ಸ್ 1969ರಲ್ಲಿ ಮ್ಯಾನೇಜರ್ ಆದ ಮೊದಲ ವರ್ಷವೇ ವಾಷಿಂಗ್ಟನ್ ಸೆನೆಟರ್ಸ್ 86 ಪಂದ್ಯ ಗೆದ್ದಿತ್ತು. 1972ರ ಹೊತ್ತಿಗೆ ಅದೇ ತಂಡ ಟೆಕ್ಸಸ್‌ಗೆ ಹೋಗಿ 100 ಸೋತಿತು, ಅದು ಬೇರೆ ಮಾತು.

ಹೊಸಪ್ರೇಕ್ಷಕ:
ಎಲ್ಲರಿಗೂ ಥ್ಯಾಂಕ್ಸ್. ಅಕ್ಕ, ಹ್ಯೂಸ್ಟನ್ ಬಿಟ್ಟ ಮೇಲೆ ಸ್ಟ್ರಾಮ್ ಮನೆ ಸೇರಿದ್ರಾ?

ಹಳೇಕ್ಯಾಚರ್:
ಎಲ್ಲಿ ಸೇರ್ತಾರೆ! 2021 ಮುಗಿದ ಮೇಲೆ ಅರಿಜೋನಾ ಡೈಮಂಡ್‌ಬ್ಯಾಕ್ಸ್‌ಗೆ ಹೋದರು. 2023ರಲ್ಲಿ ಆ ತಂಡ ವರ್ಲ್ಡ್ ಸೀರೀಸ್ ತನಕ ಬಂತು, ಟೆಕ್ಸಸ್ ರೇಂಜರ್ಸ್ ಎದುರು 4–1ರಲ್ಲಿ ಸೋತಿತು. ಆಗ ಅವರಿಗೆ 75. ಮರುವರ್ಷ ಸೀಸನ್ ಮುಗೀತಿದ್ದ ಹಾಗೇ ತಂಡದವರು ಕೆಲಸದಿಂದ ತೆಗೆದ್ರು. ಆ ಸರಣಿಯ ಎರಡನೇ ಪಂದ್ಯ ಸಿಕ್ಕಿದ್ರೆ ನೋಡಿ, ಮೆರಿಲ್ ಕೆಲ್ಲಿ ಏಳು ಇನ್ನಿಂಗ್ಸ್‌ನಲ್ಲಿ 9 ಸ್ಟ್ರೈಕ್‌ಔಟ್ ಮಾಡಿದ್ದು. ಸ್ಕೋರ್ ಬಿಟ್ಟು ಕ್ಯಾಚರ್ ಮಿಟ್ ಎಲ್ಲಿಡ್ತಾನೆ ಅಂತ ನೋಡಿ.